ನಿಂಗಿನ್ನೂ ಬೆಳಗಾಗ್ಲಿಲ್ವಾ?

ಕಳೆದ ವರ್ಷ ಅಜ್ಜಿಗೆ ಪಿತ್ತಕೋಶದ ಕಲ್ಲಿನ ಆಪರೇಷನ್ ಆಯಿತು. ನಮ್ಮ ಕೊಡಗಿನಲ್ಲಿ ಸ್ವಲ್ಪ ದೊಡ್ಡ ಕಾಯಿಲೆ ಅಂದರೆ ಮೈಸೂರಿಗೋ ಮಂಗಳೂರಿಗೋ ಹೋಗಬೇಕು, ನಾವು ಮೈಸೂರಿಗೆ ಹೋಗಿದ್ದೆವು. ಥಿಯೇಟರಿನಿಂದ ಹೊರಗೆ ತಂದು ಮಲಗಿಸಿ ಅರ್ಧ ಗಂಟೆ ಆಗಿರಬೇಕು. ನರ್ಸ್ ಬಂದು ಮೆಲ್ಲಗೆ ಕೆನ್ನೆ ತಟ್ಟಿ "ಅಜ್ಜೀ, ಎಚ್ಚರ ಆಯ್ತಾ?" ಅಂತ ಕೇಳಿದರು. ಅಜ್ಜಿ ಕಣ್ಣು ಪೂರ್ತಿ ಬಿಡಲಿಲ್ಲ. ತುಟಿ ಮಾತ್ರ ಆಡಿಸಿ "ಬೆಳಗಾಯ್ತಾ?" ಅಂದರು.

ಆಗ ಸಂಜೆ ನಾಲ್ಕೂವರೆ ಗಂಟೆ.

ನಾನು ಹೈಸ್ಕೂಲಿನಲ್ಲಿ ಇಂಗ್ಲಿಷ್ ಪಾಠ ಮಾಡುವವಳು. ಅದಾಗಿ ಕೆಲವು ತಿಂಗಳಿಗೆ ಎಂಟನೇ ಕ್ಲಾಸಿನ ಒಬ್ಬ ಹುಡುಗ ಎದ್ದು ನಿಂತು, ಮುಂಜಾವಿಗೆ ಇಂಗ್ಲಿಷಿನಲ್ಲಿ ಡಾನ್ ಅಂತ ಯಾಕೆ ಅಂತಾರೆ ಮಿಸ್ ಅಂತ ಕೇಳಿದ. ನನಗೆ ಗೊತ್ತಿರಲಿಲ್ಲ. ಮನೆಗೆ ಬಂದು ನಿಘಂಟು ತೆಗೆದು ಕೂತೆ. ಒಂದು ಪದದಿಂದ ಇನ್ನೊಂದಕ್ಕೆ ಹೋಗುತ್ತಾ ಹೋಗುತ್ತಾ ರಾತ್ರಿ ಹನ್ನೊಂದಾಯಿತು. ಅಲ್ಲಿ ನನಗೆ ಸಿಕ್ಕಿದ್ದು 'ಡಾ' ಅನ್ನುವ ಒಂದು ಹಳೆಯ ಕ್ರಿಯಾಪದ. ಡಿ, ಎ, ಡಬ್ಲ್ಯೂ, ಇಷ್ಟೇ ಅಕ್ಷರ. ಅದರ ಅರ್ಥಗಳನ್ನು ಓದಿದಾಗ ಆಸ್ಪತ್ರೆಯ ಆ ಸಂಜೆ ಹಾಗೇ ಕಣ್ಣ ಮುಂದೆ ಬಂತು.

ಡಾ ಅಂದರೆ ಮೊದಲ ಅರ್ಥ ಬೆಳಗಾಗು, ಬೆಳಕು ಹರಿ. ಆಕಾಶಕ್ಕೆ ಹೇಳುವ ಮಾತು. ಆದರೆ ಅದೇ ಪದವನ್ನು ಮನುಷ್ಯರಿಗೂ ಬಳಸುತ್ತಿದ್ದರು. ನಿದ್ದೆಯಿಂದ ಎಚ್ಚರವಾದರೂ ಡಾ. ತಲೆ ತಿರುಗಿ ಬಿದ್ದವರಿಗೆ ಪ್ರಜ್ಞೆ ಬಂದರೂ ಡಾ. ಇನ್ನೊಬ್ಬರನ್ನು ಎಬ್ಬಿಸುವುದಕ್ಕೂ, ಎಚ್ಚರ ತಪ್ಪಿದವರನ್ನು ನೀರು ಚಿಮುಕಿಸಿ ಈ ಕಡೆಗೆ ಕರೆತರುವುದಕ್ಕೂ ಅದೇ ಪದ. ಅಂದರೆ ಬೆಟ್ಟದ ಮೇಲೆ ಬೆಳಕು ಮೂಡುವುದು, ಮಲಗಿದ್ದ ಮಗು ಕಣ್ಣು ಬಿಡುವುದು, ಬಿದ್ದವರು ಮೇಲೇಳುವುದು, ಇಷ್ಟೂ ಆ ಜನರಿಗೆ ಒಂದೇ ಕೆಲಸವಾಗಿ ಕಂಡಿತ್ತು. ಅರಿವಳಿಕೆಯಿಂದ ಹೊರಬರುತ್ತಾ ಅಜ್ಜಿ ಕೇಳಿದ್ದು ಇದೇ ಅಲ್ವಾ?

ಆ ಹುಡುಗನಿಗೆ ಬೇಕಿದ್ದ ಉತ್ತರವೂ ಇಲ್ಲೇ ಇತ್ತು. ಹಳೆಯ ಇಂಗ್ಲಿಷಿನಲ್ಲಿ ದಿನಕ್ಕೆ ಇದ್ದ ಪದಕ್ಕೂ ಡಾ ಪದಕ್ಕೂ ಬೇರು ಒಂದೇ. ಜರ್ಮನ್ ಭಾಷೆಯಲ್ಲಿ ಬೆಳಗಾಗು ಅನ್ನುವುದಕ್ಕೆ ಇವತ್ತಿಗೂ ಇದರ ಸಂಬಂಧಿ ಪದವೇ ಇದೆ, ಟಾಗೆನ್ ಅಂತ. ದಿನವಾಗು ಅಂದ ಹಾಗೆ. ನಾವು ಈಗ ಕಲಿಸುವ ಡಾನ್ ಇದೆಯಲ್ಲ, ಅದು ಡಾ ಪದದ ಮನೆಯಲ್ಲೇ ಹುಟ್ಟಿದ್ದು. ಬೆಳಗಿನ ಹೊತ್ತಿಗೆ ಮೊದಲು ಡಾಯಿಂಗ್ ಅನ್ನುತ್ತಿದ್ದರು, ಆಮೇಲೆ ಅದು ಡಾನಿಂಗ್ ಆಯಿತು, ಅದರಿಂದ ಕತ್ತರಿಸಿಕೊಂಡು ಡಾನ್ ಬಂತು. ಕ್ರಿಯಾಪದವಾಗಿ ಅದು ಕಾಣಿಸಿಕೊಂಡಿದ್ದು 15ನೇ ಶತಮಾನದ ಕೊನೆಯ ಹೊತ್ತಿಗೆ, ನಾಮಪದವಾಗಿ ಇನ್ನೂ ನೂರು ವರ್ಷ ತಡವಾಗಿ. ಮಗಳು ಮನೆ ತುಂಬಾ ಓಡಾಡಿಕೊಂಡಿದ್ದಾಳೆ, ತಾಯಿ ಸ್ಕಾಟ್ಲೆಂಡಿನ ಮತ್ತು ಉತ್ತರ ಇಂಗ್ಲೆಂಡಿನ ಕಡೆಯ ಆಡುಮಾತಿನಲ್ಲಿ ಇನ್ನಷ್ಟು ಕಾಲ ಉಳಿದು ಆಮೇಲೆ ಮೂಲೆ ಸೇರಿದಳು. (ಹುಡುಕಲು ಹೋದರೆ ಕಾಗೆ ಜಾತಿಯ ಒಂದು ಹಕ್ಕಿಯ ಹೆಸರೂ ಡಾ ಅಂತ ಬರುತ್ತದೆ. ಅದು ಬೇರೆ ಪದ, ಇದಕ್ಕೆ ಸಂಬಂಧ ಇಲ್ಲ.)

ನನಗೆ ಅಚ್ಚರಿ ಆಗಿದ್ದು ಬೇರೆ ಕಾರಣಕ್ಕೆ. ಇಂಗ್ಲಿಷಿನಲ್ಲಿ ಕಳೆದುಹೋದ ಈ ಅರ್ಥ ನಮ್ಮ ಮನೆಯ ಜಗಲಿಯಲ್ಲಿ ದಿನಾ ಓಡಾಡಿಕೊಂಡಿದೆ. ಚಿಕ್ಕವಳಿದ್ದಾಗ ರಜೆಯಲ್ಲಿ ಏಳೂವರೆ ತನಕ ಮಲಗಿದರೆ ಅಜ್ಜಿ ಬಾಗಿಲಲ್ಲಿ ನಿಂತು "ನಿಂಗಿನ್ನೂ ಬೆಳಗಾಗ್ಲಿಲ್ವಾ ಮಗಾ?" ಅನ್ನುತ್ತಿದ್ದರು. ಕನ್ನಡದಲ್ಲಿ ಎಷ್ಟೋ ಮನೆಗಳಲ್ಲಿ ಈ ಮಾತಿದೆ. ಅವನಿಗೆ ಬೆಳಗಾಗೋದೇ ಒಂಬತ್ತಕ್ಕೆ ಅಂತೀವಿ. ಊರಿಗೆಲ್ಲ ಬೆಳಗಾಗಿದೆ, ಸೂರ್ಯ ಮರದ ಮೇಲೆ ಬಂದಿದ್ದಾನೆ, ಆದರೂ ನಿನಗೆ ಬೆಳಗಾಗಿಲ್ಲ. ಒಬ್ಬೊಬ್ಬರಿಗೂ ಒಂದೊಂದು ಬೆಳಗು ಇದೆ ಅಂತ ಒಪ್ಪಿಕೊಂಡ ಮಾತು ಇದು. ಡಾ ಪದದಲ್ಲಿ ಇದ್ದಿದ್ದೂ ಇಷ್ಟೇ.

ಇನ್ನೊಂದು ವಿಷಯ ನೋಡಿ. ಕನ್ನಡದಲ್ಲಿ ನಾವು 'ನಾನು ಎದ್ದೆ' ಅಂತೀವಿ, ಆದರೆ 'ನನಗೆ ಎಚ್ಚರವಾಯಿತು' ಅಂತೀವಿ. ಏಳುವುದು ನಾನು ಮಾಡುವ ಕೆಲಸ. ಎಚ್ಚರ ಹಾಗಲ್ಲ, ಹಸಿವು, ಬಾಯಾರಿಕೆ, ಚಳಿ ಇದ್ದ ಹಾಗೆ, ಅದು ನನಗೆ ಆಗುವಂಥದ್ದು. ನಾಲ್ಕು ಗಂಟೆಗೇ ಎಚ್ಚರವಾಯ್ತು, ಆರಕ್ಕೆ ಎದ್ದೆ ಅಂದರೆ ಯಾರಿಗೂ ಗೊಂದಲ ಇಲ್ಲ. ಮಕ್ಕಳಿಗೆ ಇಂಗ್ಲಿಷಿನ ವೇಕ್ ಅಪ್, ಗೆಟ್ ಅಪ್ ಎರಡರ ವ್ಯತ್ಯಾಸ ಕಲಿಸುವಾಗ ನಾನು ಈಗ ಇದನ್ನೇ ಹೇಳುತ್ತೇನೆ. ತಕ್ಷಣ ಅರ್ಥವಾಗುತ್ತದೆ. ಮತ್ತೆ ಎಚ್ಚರ ಅನ್ನುವ ಒಂದೇ ಪದದಲ್ಲಿ ನಾವು ಎಷ್ಟು ಇಟ್ಟಿದ್ದೇವೆ! ನಿದ್ದೆ ಬಿಟ್ಟರೆ ಎಚ್ಚರ, ತಲೆ ತಿರುಗಿ ಬಿದ್ದರೆ ಎಚ್ಚರ ತಪ್ಪುವುದು, ರಸ್ತೆ ತಿರುವಿನಲ್ಲಿ ಎಚ್ಚರ, ಸಾಲ ಕೊಡುವಾಗ ಎಚ್ಚರ. ಡಾ ಪದಕ್ಕೆ ಈ ಕೊನೆಯ ಎರಡು ಇರಲಿಲ್ಲ.

ಬೆಳಗು ಪದವೂ ಕಡಿಮೆ ಏನಿಲ್ಲ. ದೀಪ ಬೆಳಗುತ್ತೀವಿ, ಆರತಿ ಬೆಳಗುತ್ತೀವಿ, ಪಾತ್ರೆಯನ್ನೂ ಬೆಳಗುತ್ತೀವಿ. ಅಜ್ಜಿ ನಮ್ಮ ಸುಗ್ಗಿ ಹಬ್ಬ ಹುತ್ತರಿಗೆ ಮುಂಚೆ ಅಟ್ಟದ ಮೇಲಿನ ಹಿತ್ತಾಳೆ ಪಾತ್ರೆಗಳನ್ನು ಕೆಳಗಿಳಿಸಿ, ಹುಣಸೆಹಣ್ಣು ಬೂದಿ ಹಚ್ಚಿ ಬೆಳಗಿ ಬೆಳಗಿ ಅಂಗಳದಲ್ಲಿ ಸಾಲಾಗಿ ಕವುಚಿ ಇಡುತ್ತಿದ್ದರು. ಕಪ್ಪಾಗಿದ್ದ ಹಂಡೆಯ ಹೊಟ್ಟೆಯಲ್ಲಿ ನನ್ನ ಮುಖ ಕಾಣುತ್ತಿತ್ತು. ಹಂಡೆಗೂ ಬೆಳಗಾಗಿದೆ ಅಂತ ಆಗ ಯಾರಾದರೂ ಹೇಳಿದ್ದರೆ ನಾನು ನಂಬುತ್ತಿದ್ದೆ.

ಡಾ ಪದಕ್ಕೆ ಒಬ್ಬ ತಮ್ಮ ಇದ್ದ, 'ಅಡಾ' ಅಂತ. ಎಚ್ಚರವಾಗು ಅನ್ನುವುದೇ ಅರ್ಥ. 14ನೇ ಶತಮಾನದ ಕೊನೆಯಲ್ಲಿ ಇಂಗ್ಲಿಷ್ ಕವಿ ಚಾಸರ್ ಬರೆದ ವ್ಯಾಪಾರಿಯ ಕತೆಯಲ್ಲಿ ಇದು ಬರುತ್ತದೆ. ಅದರಲ್ಲಿ ಕುರುಡಾಗಿದ್ದ ಮುದಿ ಗಂಡನಿಗೆ ಇದ್ದಕ್ಕಿದ್ದ ಹಾಗೆ ಕಣ್ಣು ಬರುತ್ತದೆ. ಬಂದ ಕಣ್ಣಿಗೆ ಮೊದಲು ಕಂಡಿದ್ದು ಮರದ ಮೇಲೆ ಹೆಂಡತಿ ಇನ್ನೊಬ್ಬನ ಜೊತೆ ಇರುವುದು. ಹೆಂಡತಿ ಹೆದರುವುದಿಲ್ಲ. ನಿದ್ದೆಯಿಂದ ಎದ್ದವನಿಗೆ ಪೂರ್ತಿ ಎಚ್ಚರವಾಗುವ ತನಕ ಯಾವುದೂ ಸರಿಯಾಗಿ ಕಾಣುವುದಿಲ್ಲ, ಬಹಳ ದಿನ ಕಣ್ಣಿಲ್ಲದೆ ಇದ್ದವನ ಪಾಡೂ ಅದೇ, ನೀನು ಕಂಡಿದ್ದು ಬೇರೆ ಏನೋ ಅಂತ ಗಂಡನನ್ನು ನಂಬಿಸುತ್ತಾಳೆ. ಅಲ್ಲಿ ಚಾಸರ್ ಇಟ್ಟಿರುವ ಪದ ಅಡಾ. ಆ ಜಾಗಕ್ಕೆ ಅದಕ್ಕಿಂತ ಒಳ್ಳೆ ಪದ ಸಿಗುತ್ತಿರಲಿಲ್ಲ ಅನ್ನಿಸುತ್ತದೆ. ನಿದ್ದೆಗೂ ಕುರುಡಿಗೂ ಎರಡಕ್ಕೂ ಬೆಳಗಾಗಬೇಕು.

ಇನ್ನೂರು ವರ್ಷ ಕಳೆಯುವ ಹೊತ್ತಿಗೆ ಏನಾಯಿತು ಗೊತ್ತಾ? 16ನೇ ಶತಮಾನದ ಕೊನೆಯಲ್ಲಿ ಕವಿ ಎಡ್ಮಂಡ್ ಸ್ಪೆನ್ಸರ್ ಬರೆಯುವಾಗ ಅಡಾ ಅಂದರೆ ಹೆದರಿಸು, ಅಡಗಿಸು ಅಂತ ಆಗಿದೆ. ಹೆಚ್ಚುಕಮ್ಮಿ ಉಲ್ಟಾ. ಹಿಂದಿನ ಕಾಲದ ಇಂಗ್ಲಿಷಿನವರು ಒಬ್ಬನನ್ನು ಕೊಲ್ಲುವುದಕ್ಕೆ 'ದಿನದಿಂದ ಹೊರಗೆ ಹಾಕು' ಅನ್ನುವಂಥ ಒಂದು ಮಾತು ಬಳಸುತ್ತಿದ್ದರು, ಅದರ ಉಚ್ಚಾರವೂ ಇದಕ್ಕೆ ಹತ್ತಿರ ಇತ್ತು. ಎರಡೂ ಬೆರೆತು ಹೀಗಾಗಿರಬಹುದು. ಆಡುವವರು ಕಡಿಮೆಯಾದ ಪದ ಹೀಗೇ. ಪುಸ್ತಕದಲ್ಲಿ ಇದ್ದರೂ ತಿದ್ದುವ ಬಾಯಿ ಇರುವುದಿಲ್ಲ.

ಇಂಥ ಪದಗಳನ್ನು ಕೂಡಿಟ್ಟವರಲ್ಲಿ ಜೋಸೆಫ್ ರೈಟ್ ನನಗೆ ತುಂಬಾ ಇಷ್ಟ. ಯಾರ್ಕ್‌ಶೈರಿನ ಬಡ ಮನೆಯಲ್ಲಿ 1855ರಲ್ಲಿ ಹುಟ್ಟಿದವರು. 6 ವರ್ಷಕ್ಕೆ ಕಲ್ಲುಕ್ವಾರಿಯಲ್ಲಿ ಕತ್ತೆ ಹೊಡೆಯುವ ಕೆಲಸ, ಆಮೇಲೆ ಉಣ್ಣೆ ಗಿರಣಿ. 15 ವರ್ಷ ಆಗುವ ತನಕ ಓದಲು ಬರುತ್ತಿರಲಿಲ್ಲ. ಅಲ್ಲಿಂದ ಕಲಿಯುತ್ತಾ ಹೋಗಿ ಆಕ್ಸ್‌ಫರ್ಡಿನಲ್ಲಿ ಪ್ರೊಫೆಸರ್ ಆದರು, ಮತ್ತೆ 1898ರಿಂದ 1905ರ ನಡುವೆ ಇಂಗ್ಲಿಷ್ ಆಡುಮಾತುಗಳ ನಿಘಂಟನ್ನು 6 ಸಂಪುಟಗಳಲ್ಲಿ ತಂದರು. ಊರಮಾತನ್ನು ನಾಚಿಕೆಯ ವಿಷಯ ಅಂತ ಅವರು ಅಂದುಕೊಳ್ಳಲಿಲ್ಲ. ಹೆಚ್ಚುಕಮ್ಮಿ ಅದೇ ಕಾಲಕ್ಕೆ, 1894ರಲ್ಲಿ, ಕಿಟ್ಟೆಲ್ ಅವರ ಕನ್ನಡ-ಇಂಗ್ಲಿಷ್ ನಿಘಂಟು ಮಂಗಳೂರಿನಲ್ಲಿ ಅಚ್ಚಾಯಿತು. ಕಿಟ್ಟೆಲ್ ಕೆಲವು ವರ್ಷ ನಮ್ಮ ಮಡಿಕೇರಿಯಲ್ಲೂ ಇದ್ದವರು. ಈ ಮಂಜಿನಲ್ಲಿ, ಈ ಚಳಿಯಲ್ಲಿ ಕೂತು ಕನ್ನಡ ಪದಗಳನ್ನು ಬರೆದುಕೊಂಡಿರಬಹುದು ಅಂತ ನೆನೆದರೆ ನನಗೆ ಏನೋ ಒಂದು ಖುಷಿ.

ರೈಟ್ ಅವರಂಥ ಗಿರಣಿ ಮಕ್ಕಳನ್ನು ಎಬ್ಬಿಸುವುದೇ ಆ ಕಾಲದಲ್ಲಿ ದೊಡ್ಡ ಪ್ರಶ್ನೆ. ಬಡವರ ಮನೆಯಲ್ಲಿ ಗಡಿಯಾರ ಇರುತ್ತಿರಲಿಲ್ಲ. ಹಾಗಾಗಿ ಇಂಗ್ಲೆಂಡಿನ ಗಿರಣಿ ಊರುಗಳಲ್ಲಿ ಎಬ್ಬಿಸುವುದನ್ನೇ ಕಸುಬು ಮಾಡಿಕೊಂಡವರಿದ್ದರು. ಉದ್ದನೆಯ ಕೋಲು ಹಿಡಿದು ಬೀದಿ ಬೀದಿ ಹೋಗಿ ಮಹಡಿಯ ಕಿಟಕಿ ತಟ್ಟುವುದು, ವಾರಕ್ಕೆ ಇಷ್ಟು ಅಂತ ಕಾಸು ತೆಗೆದುಕೊಳ್ಳುವುದು. ಲಂಡನ್ನಿನಲ್ಲಿ ಒಬ್ಬ ಹೆಂಗಸು ಊದುಗೊಳವೆಯಲ್ಲಿ ಒಣ ಬಟಾಣಿ ಊದಿ ಕಿಟಕಿಗೆ ಹೊಡೆಯುತ್ತಿದ್ದ ಫೋಟೋ ಇದೆ, ನನಗೆ ಅದನ್ನು ನೋಡಿ ನೋಡಿ ಸಾಕಾಗುವುದಿಲ್ಲ. ಹಾಗೆ ತಟ್ಟಿ ಎಬ್ಬಿಸುವುದಕ್ಕೆ ನಾಕ್ ಅಪ್ ಅಂತ ಹೆಸರು. ಅಮೆರಿಕದಲ್ಲಿ ಆ ಮಾತಿಗೆ ಬಸುರಿ ಮಾಡುವುದು ಅಂತ ಅರ್ಥ, ಅದಕ್ಕೇ ಈಗ ಬ್ರಿಟನ್ನಿನವರೂ ಹುಷಾರಾಗಿ ಬಳಸುತ್ತಾರೆ.

ನಮ್ಮ ಕಡೆ ಆ ಕೆಲಸ ಮಾಡುತ್ತಿದ್ದಿದ್ದು ಕಬ್ಬಿಣ. ತಾತ ಒಂದು ಕಾಫಿ ಎಸ್ಟೇಟಿನಲ್ಲಿ ರೈಟರ್, ಅಂದರೆ ಲೆಕ್ಕಪತ್ರ ಬರೆಯುವವರು, ಆಗಿದ್ದರು. ಕೊಡಗಿನಲ್ಲಿ ಇಂಗ್ಲಿಷರ ಕಾಫಿ ತೋಟಗಳು ಶುರುವಾಗಿದ್ದು 1854ರ ಸುಮಾರಿಗೆ, ಮಡಿಕೇರಿಯ ಹತ್ತಿರ. ತೋಟದ ಜೊತೆಗೆ ಗಂಟೆ ಹೊಡೆದು ಆಳು ಕರೆಯುವ ಪದ್ಧತಿಯೂ ಬೆಳೆಯಿತು. ತಾತನ ಎಸ್ಟೇಟಿನಲ್ಲಿ ಸಿಲ್ವರ್ ಮರಕ್ಕೆ ಒಂದು ರೈಲು ಕಂಬಿಯ ತುಂಡು ನೇತು ಹಾಕಿದ್ದರು. ಕೊಡಗಿನಲ್ಲಿ ಇವತ್ತಿಗೂ ರೈಲಿಲ್ಲ, ಆ ಕಂಬಿ ಎಲ್ಲಿಂದ ಬಂತೋ. ಬೆಳಿಗ್ಗೆ ಆರಕ್ಕೆ ಸುತ್ತಿಗೆಯಲ್ಲಿ ಬಡಿದರೆ ಮಂಜಿನೊಳಗೆ ಆ ಸದ್ದು ಆಳುಗಳು ಇರುವ ಲೈನ್ ಮನೆಗಳ ತನಕ, ಆಚೆ ಹೊಳೆ ತನಕ ಹೋಗುತ್ತಿತ್ತು. ಲೈನ್ ಮನೆಯ ಹೆಂಗಸರು ಅದಕ್ಕೆ ಒಂದು ಗಂಟೆ ಮುಂಚೆಯೇ ಎದ್ದು ಒಲೆ ಹಚ್ಚಿರುತ್ತಿದ್ದರು. ಹಾಗಾಗಿ ಆ ಗಂಟೆ ಎಬ್ಬಿಸುತ್ತಿದ್ದಿದ್ದು ಗಂಡಸರನ್ನು ಮತ್ತು ನನ್ನಂಥ ಮಕ್ಕಳನ್ನು ಮಾತ್ರ, ಇದನ್ನು ಅಜ್ಜಿ ಈಗಲೂ ಸ್ವಲ್ಪ ಖಾರವಾಗಿಯೇ ಹೇಳುತ್ತಾರೆ.

ಒಂದು ಸಲ ಕಾಫಿ ಕುಯ್ಯುವಾಗ ಒಬ್ಬರು ಅಕ್ಕ ಬಿಸಿಲಿಗೆ ಬಿದ್ದುಬಿಟ್ಟರು. ಎಲ್ಲರೂ ಚೀಲ ಬಿಟ್ಟು ಓಡಿದರು. ಮುಖಕ್ಕೆ ನೀರು ಚಿಮುಕಿಸಿ, ಸೆರಗಿನಲ್ಲಿ ಗಾಳಿ ಹಾಕಿ, ಅಂಗಾಲು ತಿಕ್ಕಿ, ಹೆಸರು ಹಿಡಿದು ಕೂಗಿ ಕೂಗಿ ಕರೆದರು. ಅವರು ಕಣ್ಣು ಬಿಟ್ಟು ಮೊದಲು ಕೇಳಿದ್ದು "ಹೊತ್ತು ಎಷ್ಟಾಯ್ತು?" ಅಂತ. ಆಗ ನನಗೆ ಹತ್ತು ವರ್ಷ, ಅದು ನನಗೆ ಏನೂ ಅನ್ನಿಸಲಿಲ್ಲ. ಈಗ ಅನ್ನಿಸುತ್ತಿದೆ. ಎಚ್ಚರ ಬಂದವರಿಗೆ ಮೊದಲು ಬೇಕಾಗಿದ್ದು ದಿನ ಎಲ್ಲಿದೆ ಅನ್ನುವುದು. ಅಜ್ಜಿಗೂ ಅದೇ ಬೇಕಿತ್ತು.

ಅಜ್ಜಿ ಈಗ ಚೆನ್ನಾಗಿದ್ದಾರೆ. ಡಾ ಪದದ ಕತೆಯನ್ನು ಅವರಿಗೂ ಹೇಳಿದೆ. ಪೂರ್ತಿ ಕೇಳಿ "ಅವ್ರೂ ನಮ್ಮ ಹಾಗೇ ಅಂತಿದ್ರಾ" ಅಂದು ಎಲೆ ಅಡಿಕೆ ಬಾಯಿಗೆ ಹಾಕಿಕೊಂಡರು. ಅವತ್ತಿನಿಂದ ನಾನು ಒಂದು ನೋಟ್‌ಬುಕ್ಕಿನಲ್ಲಿ ಅವರ ಮಾತುಗಳನ್ನು ಬರೆದಿಡುತ್ತಿದ್ದೇನೆ. ಬೆಳಕು ಹರಿಯಿತು, ಹೊತ್ತು ಮೂಡಿತು, ಕೋಳಿ ಕೂಗೋ ಹೊತ್ತು, ನಸುಕು, ಕಣ್ಣು ಹತ್ತಿತು, ಕಣ್ಣು ಬಿಟ್ಟಿತು. ನಿದ್ದೆಯ ಸುತ್ತ, ಬೆಳಗಿನ ಸುತ್ತ ಇರುವುದೇ ಎರಡು ಪುಟ ಆಗಿದೆ.

ಮೊನ್ನೆ ಮಾರ್ಚಿನಲ್ಲಿ ಹೂ ಮಳೆ ಬಂತು. ಮಳೆ ಅಳೆಯುವ ಗಾಜು ತೆಗೆದು ನೋಡಿದರೆ ಒಂದಿಂಚು ಹತ್ತು ಸೆಂಟ್ (ಇಂಚಿನ ನೂರನೇ ಒಂದು ಭಾಗಕ್ಕೆ ಇಲ್ಲಿ ಸೆಂಟ್ ಅಂತೀವಿ). ಕಾಫಿ ಮೊಗ್ಗು ಬೇಸಿಗೆಯಲ್ಲಿ ಗಿಡದ ಕೈಮೇಲೆ, ಅಂದರೆ ರೆಂಬೆಯ ಮೇಲೆ, ಅಕ್ಕಿ ಕಾಳಿನ ಹಾಗೆ ಸುಮ್ನೆ ಕೂತಿರುತ್ತದೆ, ಬೆಳೆಯುವುದಿಲ್ಲ, ಮಲಗಿರುತ್ತದೆ. ಒಂದಿಂಚಿನಷ್ಟು ಮಳೆ ಬಿದ್ದರೆ ಮತ್ತೆ ಬೆಳೆಯಲು ಶುರು ಮಾಡಿ ಎಂಟು ಹತ್ತು ದಿನಕ್ಕೆ ತೋಟ ಪೂರ್ತಿ ಬೆಳ್ಳಗಾಗುತ್ತದೆ. ಮಳೆಯ ಮಾರನೆಯ ದಿನ ಅಜ್ಜಿ ಕೋಲು ಊರಿಕೊಂಡು ಮನೆ ಹಿಂದಿನ ಗಿಡದ ತನಕ ಹೋದರು. ಒಂದು ಕೈ ಬಗ್ಗಿಸಿ ಮೊಗ್ಗು ನೋಡಿ, "ಇದಕ್ಕೂ ಬೆಳಗಾಯ್ತು, ಬರ್ಕೋ" ಅಂದರು. ಬರೆದುಕೊಂಡೆ.