ಹಕ್ಕಿ ಹಿಂದೆ ಹೋದವರು

ನವೆಂಬರ್ 23, 2025, ಭಾನುವಾರ

ಬೆಳಿಗ್ಗೆ ಅಕ್ಕ ಫೋನ್ ಮಾಡಿದ್ದಳು. ಮಾತಿಗೆ ಮಾತು ಬಂದು, "ಅಲ್ಲ ಕಣೇ, ಹಕ್ಕಿ ನೋಡೋಕೆ ಅಂತ ನೀನು ಒಂದು ದಿನ ಬೇಗ ಎದ್ದಿದ್ದು ನಾನು ಕಂಡಿಲ್ಲ. ಹಕ್ಕಿ ನೋಡೋರ ಬಗ್ಗೆ ಮಾತ್ರ ರಾತ್ರಿಯೆಲ್ಲಾ ಕೂತು ಓದ್ತೀಯ. ಅಂಥದ್ದೇನಿದೆ ಅದರಲ್ಲಿ?" ಎಂದಳು. ಆಗ ತಕ್ಷಣ ಹೇಳೋಕೆ ಏನೂ ತೋಚಲಿಲ್ಲ. ಮಾತು ಬೇರೆ ಕಡೆ ಹೋಯಿತು. ಆದರೆ ಪ್ರಶ್ನೆ ಮಾತ್ರ ಇಡೀ ದಿನ ಬೆನ್ನು ಬಿಡಲಿಲ್ಲ. ಅದಕ್ಕೇ ಈಗ ಬರೆಯಲು ಕೂತಿದ್ದೇನೆ.

ಶುರುವಾದದ್ದು ಜೆ. ಎ. ಬೇಕರ್ ಅವರ 'ದಿ ಪೆರಿಗ್ರಿನ್'ನಿಂದ. 1967ರ ಪುಸ್ತಕ. ಇಂಗ್ಲೆಂಡಿನ ಎಸೆಕ್ಸ್ ಕಡೆ ಹೊಲ, ಕಾಲುವೆ, ಕಡಲ ಅಂಚಿನಲ್ಲಿ ಹತ್ತು ಚಳಿಗಾಲ ಈ ಮನುಷ್ಯ ಪೆರಿಗ್ರಿನ್ ಡೇಗೆ ಎಂಬ ಬೇಟೆ ಹಕ್ಕಿಗಳ ಹಿಂದೆ ಸೈಕಲ್ ತುಳಿದಿದ್ದಾರೆ. ಆ ಹತ್ತನ್ನೂ ಕಾಯಿಸಿ ಇಳಿಸಿ, ಅಕ್ಟೋಬರ್‌ನಿಂದ ಏಪ್ರಿಲ್‌ವರೆಗಿನ ಒಂದೇ ಚಳಿಗಾಲದ ದಿನಚರಿ ಮಾಡಿದ್ದಾರೆ. ಅವರ ಕಣ್ಣು ಅಷ್ಟು ಚುರುಕಲ್ಲ. ಕೀಲುನೋವು ಬೇರೆ. ಆದರೆ ಪುಸ್ತಕದಲ್ಲಿ ಅದರ ಸುದ್ದಿ ಎತ್ತುವುದೇ ಇಲ್ಲ. ಕೆಲಸ ಏನು, ಮನೆಯಲ್ಲಿ ಯಾರಿದ್ದಾರೆ, ಒಂದೂ ಗೊತ್ತಾಗುವುದಿಲ್ಲ. ಗಾಳಿ ಯಾವ ಕಡೆಯಿಂದ ಬೀಸಿತು, ಡೇಗೆ ಎಲ್ಲಿ ಸ್ನಾನ ಮಾಡಿತು, ಏನನ್ನು ಹಿಡಿಯಿತು, ಇಷ್ಟೇ.

ಒಂದು ಕಡೆ ನಾನು ಪೆನ್ಸಿಲ್‌ನಲ್ಲಿ ಗೆರೆ ಎಳೆದಿಟ್ಟಿದ್ದೇನೆ. ಡೇಗೆ ತಿಂದು ಬಿಟ್ಟ ಬೇಟೆಯ ಮೇಲೆ ಬೇಕರ್ ಬಗ್ಗಿ ನಿಂತಿರುತ್ತಾರೆ. ತಾನೂ ಡೇಗೆಯ ಹಾಗೇ ಅದನ್ನು ಮರೆಮಾಡಿ ನಿಂತಿದ್ದೇನೆ ಎಂದು ಆಗ ಅವರಿಗೆ ಹೊಳೆಯುತ್ತದೆ. ಅಲ್ಲಿಂದ ಮುಂದೆ ವಾಕ್ಯದಲ್ಲಿ 'ನಾನು' ಹೋಗಿ 'ನಾವು' ಬರುತ್ತದೆ. ನಾವು ಎಂದರೆ ಅವರು ಮತ್ತು ಡೇಗೆ. ಮನುಷ್ಯರೆಲ್ಲ ಆಚೆ. ಮೊದಲ ಸಲ ಅದನ್ನು ಓದಿದಾಗ ಸ್ವಲ್ಪ ಭಯವಾಯಿತು. ಇನ್ನೊಮ್ಮೆ ಓದಿದಾಗ ಅಳು ಬಂತು. ಯಾಕೆಂದರೆ ಅಷ್ಟರಲ್ಲಿ ಹಿನ್ನೆಲೆ ತಿಳಿದಿತ್ತು. ಆ ಕಾಲದಲ್ಲಿ ಡಿಡಿಟಿಯಂಥ ಕೀಟನಾಶಕಗಳು ಸಣ್ಣ ಹಕ್ಕಿಗಳ ಮೂಲಕ ಡೇಗೆಗಳ ಮೈ ಸೇರುತ್ತಿದ್ದವು. ಮೊಟ್ಟೆಯ ಚಿಪ್ಪು ತೆಳ್ಳಗಾಗಿ, ಕಾವು ಕೊಡಲು ಕೂತ ತಾಯಿಯ ಭಾರಕ್ಕೇ ಒಡೆದುಹೋಗುತ್ತಿತ್ತು. ಬ್ರಿಟನ್ನಿನಲ್ಲಿ ಡೇಗೆಗಳು ಅರ್ಧಕ್ಕಿಂತ ಕಡಿಮೆಗೆ ಇಳಿದಿದ್ದವು. ಬೇಕರ್ ಬರೆದದ್ದು ಇನ್ನು ಈ ಹಕ್ಕಿ ಉಳಿಯುವುದಿಲ್ಲ ಎಂದುಕೊಂಡೇ. ಅವರು ಹೇಳಿದಷ್ಟು ಸಲ ಡೇಗೆ ಕಂಡಿರಲು ಸಾಧ್ಯವೇ ಇಲ್ಲ ಎಂದು ಅನುಮಾನಪಟ್ಟವರೂ ಇದ್ದಾರೆ. ಇರಬಹುದು. ನನಗೆ ಅದರಿಂದ ಪುಸ್ತಕದ ಬೆಲೆ ಒಂಚೂರೂ ಕಡಿಮೆಯಾಗಿಲ್ಲ. ಎದುರಿಗೆ ನಿಜಕ್ಕೂ ಏನಿದೆಯೋ ಅದನ್ನು ನೋಡುವುದೇ ಎಲ್ಲಕ್ಕಿಂತ ಕಷ್ಟ ಎಂದು ಅವರೇ ಹೇಳುತ್ತಾರೆ.

ಆ ಮಾತು ಓದಿದ ದಿನ ಪುಸ್ತಕ ಮಡಚಿಟ್ಟು ಕಿಟಕಿ ಹತ್ತಿರ ಹೋಗಿದ್ದೆ. ಹೊರಗಿನ ಚಾಚಿನ ಮೇಲೆ ಒಂದು ಪಾರಿವಾಳ. ಇಷ್ಟು ವರ್ಷದಲ್ಲಿ ಸಾವಿರ ಪಾರಿವಾಳ ನೋಡಿರಬಹುದು. ಅವತ್ತು ಇಪ್ಪತ್ತು ನಿಮಿಷ ನೋಡಿದೆ. ಕಣ್ಣು ಕಿತ್ತಳೆ ಬಣ್ಣ. ಕೊಕ್ಕಿನ ಬುಡದಲ್ಲಿ ಸುಣ್ಣ ಮೆತ್ತಿದಂಥ ಬಿಳಿ ಉಬ್ಬು. ನಡೆಯುವಾಗ ಕತ್ತು ಹಿಂದೆ ಮುಂದೆ ಆಡಿಸುತ್ತದೆ ಅಂತ ನಾನು ತಿಳಿದಿದ್ದೆ, ಅಲ್ವಾ? ಹಾಗಲ್ಲ. ತಲೆಯನ್ನು ಮುಂದೆ ಚಾಚಿ ಅಲ್ಲೇ ಗಾಳಿಯಲ್ಲಿ ನಿಲ್ಲಿಸಿಬಿಡುತ್ತದೆ. ಮೈ ನಿಧಾನಕ್ಕೆ ಬಂದು ತಲೆಯನ್ನು ಸೇರಿಕೊಳ್ಳುತ್ತದೆ. ಆಮೇಲೆ ಮತ್ತೆ ತಲೆ ಮುಂದಕ್ಕೆ. ನೋಟ ಕದಡದೆ ಇರಲಿ ಎಂದು ಈ ಏರ್ಪಾಡು. 1978ರಲ್ಲಿ ಬ್ಯಾರಿ ಫ್ರಾಸ್ಟ್ ಎಂಬ ವಿಜ್ಞಾನಿ ಪಾರಿವಾಳಗಳನ್ನು ಟ್ರೆಡ್‌ಮಿಲ್ ಮೇಲೆ ನಡೆಸಿ ನೋಡಿದರು. ಸುತ್ತಲಿನ ನೋಟ ಸರಿಯದೆ ನಿಂತಿದ್ದರಿಂದ ಕತ್ತಿನ ಆಟವೂ ನಿಂತುಹೋಯಿತು. ನಾನು ಅದನ್ನು ನೋಡುತ್ತಿದ್ದ ಹಾಗೆ ಅದೂ ಏನನ್ನೋ ನೋಡುತ್ತಿತ್ತು. ನನ್ನನ್ನಂತೂ ಅಲ್ಲ.

ಈ ಪುಸ್ತಕಗಳಲ್ಲಿ ನನ್ನನ್ನು ಹಿಡಿದು ಕೂರಿಸುವುದು ಇದೇ. ಮನುಷ್ಯ ಬದುಕನ್ನೇ ಸುರಿಯುತ್ತಾನೆ. ಹಕ್ಕಿಗೆ ಅದರ ಗೊಡವೆಯೇ ಇಲ್ಲ. ಆಮೇಲೆ ಆ ಮನುಷ್ಯ ಏನು ಮಾಡುತ್ತಾನೆ ಎನ್ನುವುದೇ ಕಥೆ.

ಇಂಗ್ಲಿಷ್ ಲೇಖಕ ಟಿ. ಎಚ್. ವೈಟ್ ಹಕ್ಕಿಯನ್ನು ಕಟ್ಟಿಹಾಕಲು ನೋಡಿದರು. ಅವರು 1936ರಲ್ಲಿ ಶಾಲೆಯ ಮೇಷ್ಟ್ರ ಕೆಲಸ ಬಿಟ್ಟು ಒಂದು ಪುಟ್ಟ ಮನೆ ಹಿಡಿದು, ಜರ್ಮನಿಯಿಂದ ಗಾಸ್‌ಹಾಕ್ ಎಂಬ ದೊಡ್ಡ ಗಿಡುಗವನ್ನು ತರಿಸಿಕೊಂಡರು. ಪಳಗಿಸಲು ಕೈಯಲ್ಲಿದ್ದದ್ದು ಮುನ್ನೂರು ವರ್ಷ ಹಳೆಯ ಪುಸ್ತಕ. ಅದರಲ್ಲಿ ಹೇಳಿದ ಹಾಗೆ ರಾತ್ರಿಗಟ್ಟಲೆ ತಾವೂ ಮಲಗದೆ, ಗಿಡುಗವನ್ನೂ ಮಲಗಲು ಬಿಡದೆ, ಕೈಮೇಲೆ ಕೂರಿಸಿಕೊಂಡು ನಿಂತರು. ಒಲಿಸಿಕೊಳ್ಳುವ ಆಸೆಗೆ ಜಾಸ್ತಿ ತಿನ್ನಿಸಿದರು. ಹೊಟ್ಟೆ ತುಂಬಿದ ಗಿಡುಗ ಕರೆದರೆ ಬರುವುದಿಲ್ಲ. ಬರದಿದ್ದಕ್ಕೆ ಇವರಿಗೆ ಸಿಟ್ಟು, ಸಿಟ್ಟಾದದ್ದಕ್ಕೆ ಪಶ್ಚಾತ್ತಾಪ, ಪಶ್ಚಾತ್ತಾಪಕ್ಕೆ ಇನ್ನಷ್ಟು ಮಾಂಸ. ಒಂದು ದಿನ ದಾರ ಕಿತ್ತುಕೊಂಡು ಹೋದದ್ದು ತಿರುಗಿ ಬರಲಿಲ್ಲ. ಬರೆದಿದ್ದನ್ನು ವೈಟ್ ಮುಚ್ಚಿಟ್ಟುಬಿಟ್ಟರು. 'ದಿ ಗಾಸ್‌ಹಾಕ್' ಅಚ್ಚಾಗಿದ್ದು 1951ರಲ್ಲಿ.

ಅದೇ ಪುಸ್ತಕವನ್ನು ಹುಡುಗಿಯಾಗಿದ್ದಾಗ ಓದಿ ಸಿಟ್ಟಾಗಿದ್ದವರು ಹೆಲೆನ್ ಮ್ಯಾಕ್‌ಡೊನಾಲ್ಡ್. 2007ರಲ್ಲಿ ಅವರ ಅಪ್ಪ ಇದ್ದಕ್ಕಿದ್ದಂತೆ ತೀರಿಕೊಂಡರು. ಆ ದುಃಖದಲ್ಲಿ ಅವರೂ ಒಂದು ಗಾಸ್‌ಹಾಕ್ ತಂದರು. ಮೇಬಲ್ ಎಂದು ಹೆಸರಿಟ್ಟರು. 2014ರಲ್ಲಿ ಬಂದ 'ಎಚ್ ಈಸ್ ಫಾರ್ ಹಾಕ್' ಆ ವರ್ಷದ ಕಥೆ. ಇವರಿಗೆ ಕೆಲಸ ಗೊತ್ತಿತ್ತು. ದಿನಾ ಗಿಡುಗದ ತೂಕ ನೋಡುತ್ತಾರೆ. ಕೆಲವೇ ಗ್ರಾಂ ಆಚೀಚೆ ಆದರೂ ಹಾರಿಸುವುದಿಲ್ಲ. ನನಗೆ ತುಂಬಾ ಇಷ್ಟವಾದ ಜಾಗ ಬೇಟೆಯದಲ್ಲ. ಒಂದು ದಿನ ಸುಮ್ನೆ ಒಂದು ಕಾಗದವನ್ನು ಉಂಡೆ ಮಾಡಿ ಮೇಬಲ್‌ಗೆ ಕೊಡುತ್ತಾರೆ. ಅದು ಕೊಕ್ಕಿನಿಂದ ಕಚ್ಚಿ ಹಿಡಿಯುತ್ತದೆ. ಚರಪರ ಸದ್ದಿಗೆ ಅದಕ್ಕೆ ಖುಷಿ. ಕಾಗದವನ್ನು ಕೊಳವೆಯಂತೆ ಸುತ್ತಿ ಇವರು ಒಂದು ತುದಿಯಿಂದ ನೋಡಿದರೆ, ಆ ತುದಿಯಿಂದ ಅದೂ ಇಣುಕುತ್ತದೆ. ಎಷ್ಟೋ ಗಿಡುಗದ ಪುಸ್ತಕ ಓದಿದ್ದರೂ ಗಿಡುಗ ಆಟವಾಡುತ್ತದೆ ಎಂದು ಅವರಿಗೆ ಯಾರೂ ಹೇಳಿರಲಿಲ್ಲ. ಆ ಪುಟವನ್ನು ನಾನು ನಿಂತುಕೊಂಡು ಓದಿದೆ.

ಇನ್ನು ಒಣಗಿಸಿದ ಹಕ್ಕಿಗಳನ್ನಿಡುವ ಬೀರುವಿನ ಡ್ರಾಯರ್‌ಗಳು. ಪಕ್ಷಿತಜ್ಞ ಸಲೀಂ ಅಲಿ ಹುಡುಗನಾಗಿದ್ದಾಗ ಏರ್‌ಗನ್ನಿನಿಂದ ಒಂದು ಗುಬ್ಬಿ ಹೊಡೆದರು. ಕತ್ತಿನ ಹತ್ತಿರ ಹಳದಿ ಮಚ್ಚೆ ಕಂಡು ಇದು ಯಾವ ಗುಬ್ಬಿ ಎಂದು ಸೋದರಮಾವನನ್ನು ಕೇಳಿದರು. ಮಾವ ಅವರನ್ನು ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿಗೆ ಕಳಿಸಿದರು. ಅಲ್ಲಿನ ಡಬ್ಲ್ಯು. ಎಸ್. ಮಿಲ್ಲರ್ಡ್ ಎಂಬವರು ಒಂದಾದ ಮೇಲೊಂದು ಡ್ರಾಯರ್ ಎಳೆದು, ಒಣಗಿಸಿಟ್ಟ ಹಕ್ಕಿಗಳನ್ನು ಹೆದರಿ ನಿಂತಿದ್ದ ಹುಡುಗನಿಗೆ ತೋರಿಸಿದರು. ಒಂದು ಇಡೀ ಬದುಕು ಆ ಡ್ರಾಯರ್‌ನಿಂದ ಹೊರಬಂತು. 1985ರ ಆತ್ಮಕಥೆಗೆ 'ದಿ ಫಾಲ್ ಆಫ್ ಎ ಸ್ಪ್ಯಾರೊ' ಎಂದೇ ಹೆಸರು.

ಅಂಥದ್ದೇ ಡ್ರಾಯರ್‌ಗಳ ಮುಂದೆ ನಿಂತ ಇನ್ನೊಬ್ಬ ಹುಡುಗನ ಕಥೆ 'ದಿ ಫೆದರ್ ಥೀಫ್'. ಕರ್ಕ್ ವ್ಯಾಲೇಸ್ ಜಾನ್ಸನ್ ಬರೆದದ್ದು, 2018ರಲ್ಲಿ. ಕೊಳಲು ಕಲಿಯುತ್ತಿದ್ದ 20 ವರ್ಷದ ಹುಡುಗ 2009ರ ಒಂದು ರಾತ್ರಿ ಇಂಗ್ಲೆಂಡಿನ ಟ್ರಿಂಗ್ ಮ್ಯೂಸಿಯಂಗೆ ಕಿಟಕಿಯಿಂದ ನುಗ್ಗಿ, 299 ಹಕ್ಕಿಗಳನ್ನು ಸೂಟ್‌ಕೇಸಿಗೆ ತುಂಬಿಕೊಂಡು ಹೋದ. ಹಳೆಯ ಕಾಲದ ನಿಸರ್ಗ ವಿಜ್ಞಾನಿ ಆಲ್ಫ್ರೆಡ್ ರಸೆಲ್ ವಾಲೇಸ್ ಕಾಡು ಅಲೆದು ತಂದ ಹಕ್ಕಿಗಳೂ ಅದರಲ್ಲಿದ್ದವು. ಮೀನು ಹಿಡಿಯುವ ಗಾಳಕ್ಕೆ ಬಣ್ಣದ ಗರಿ ಕಟ್ಟುವ ಹುಚ್ಚು ಅವನಿಗೆ. ನನಗೆ ಹೊಟ್ಟೆ ಉರಿದದ್ದು ಕಳ್ಳತನಕ್ಕಿಂತ ಜಾಸ್ತಿ, ಕಾಲಿಗೆ ಕಟ್ಟಿದ್ದ ಚೀಟಿಗಳನ್ನು ಕಿತ್ತದ್ದಕ್ಕೆ. ಎಲ್ಲಿ, ಯಾವ ದಿನ, ಯಾರು ಹಿಡಿದದ್ದು, ಎಲ್ಲಾ ಇದ್ದದ್ದು ಆ ಚೀಟಿಯಲ್ಲೇ. ಚೀಟಿ ಹೋದ ಮೇಲೆ ಅದು ಬರೀ ಪುಕ್ಕ.

ಹಾಗಾದರೆ ಕಂಡ ಹಕ್ಕಿಗಳ ಪಟ್ಟಿ ಮಾಡುವವರು? ಅವರ ಪುಸ್ತಕಗಳ ಬಗ್ಗೆ ನನಗೆ ಮೊದಲಿನಿಂದಲೂ ಅಷ್ಟಕ್ಕಷ್ಟೇ. ಕಂಡೆ, ಗುರುತು ಹಾಕಿದೆ, ಮುಂದೆ ನಡೆ. ಇದೇನು ನೋಡುವುದು ಎನಿಸುತ್ತಿತ್ತು. ಆ ಅಭಿಪ್ರಾಯವನ್ನು ಅಲ್ಲಾಡಿಸಿದವರು ಅಮೆರಿಕದ ಫೀಬಿ ಸ್ನೆಟ್ಸಿಂಗರ್. ಅವರು ತೀರಿಕೊಂಡು ಇವತ್ತಿಗೆ 26 ವರ್ಷ. 1965ರಲ್ಲಿ, ನಾಲ್ಕು ಮಕ್ಕಳ ಮನೆಯಲ್ಲಿ ಉಸಿರುಗಟ್ಟಿದಂತಿದ್ದ ಕಾಲಕ್ಕೆ, ಗೆಳತಿಯೊಬ್ಬರ ಬೈನಾಕ್ಯುಲರ್‌ನಲ್ಲಿ ಕತ್ತು ಕೆಂಡದಂತೆ ಹೊಳೆಯುವ ಬ್ಲ್ಯಾಕ್‌ಬರ್ನಿಯನ್ ವಾರ್ಬ್ಲರ್ ಕಂಡರು. 1981ರಲ್ಲಿ ಕ್ಯಾನ್ಸರ್, ಇನ್ನು ಒಂದು ವರ್ಷವೂ ಇಲ್ಲ ಎಂದರು ಡಾಕ್ಟರು. ಅವರು ಹಕ್ಕಿ ನೋಡಲು ಹೊರಟರು. ಹದಿನೆಂಟು ವರ್ಷ ತಿರುಗಿದರು. ಒಂದು ಪ್ರಯಾಣದಲ್ಲಿ ಅವರ ಮೇಲೆ ಭೀಕರ ಲೈಂಗಿಕ ದೌರ್ಜನ್ಯ ನಡೆಯಿತು. ಆಮೇಲೂ ಹೊರಟರು. ಜಗತ್ತಿನಲ್ಲಿ 8,000 ಜಾತಿಯ ಹಕ್ಕಿ ಕಂಡ ಮೊದಲಿಗರು ಅವರೇ. 1999ರ ನವೆಂಬರ್ 23ರಂದು ಮಡಗಾಸ್ಕರ್‌ನಲ್ಲಿ ವ್ಯಾನ್ ಉರುಳಿ ಸತ್ತರು. ಕ್ಯಾನ್ಸರ್‌ನಿಂದಲ್ಲ. ಅದೇ ಪ್ರಯಾಣದಲ್ಲಿ ವಿಜ್ಞಾನಕ್ಕೆ ಗೊತ್ತಾಗಿ ಎರಡೇ ವರ್ಷವಾಗಿದ್ದ ಹೊಸ ಹಕ್ಕಿಯೊಂದನ್ನು ಕಂಡಿದ್ದರು.

ಅವರದೇ 'ಬರ್ಡಿಂಗ್ ಆನ್ ಬಾರೋಡ್ ಟೈಮ್' ಹೊರಬಂದದ್ದು ಅವರು ಹೋದ ಮೇಲೆ, 2003ರಲ್ಲಿ. ಅದನ್ನು ಓದುವಾಗ ಅವರ ಪಟ್ಟಿ ಬರೀ ಎಣಿಕೆ ಅನಿಸಲಿಲ್ಲ. ಪ್ರತಿ ಹಕ್ಕಿಗೂ ಮೊದಲೇ ಓದಿಕೊಂಡು, ಕಾರ್ಡ್‌ನಲ್ಲಿ ಬರೆದುಕೊಂಡು, ಸಿದ್ಧವಾಗಿ ಹೋಗುತ್ತಿದ್ದರು. ಆದರೂ ಒಂದು ಮುಳ್ಳು ಉಳಿದುಬಿಡುತ್ತದೆ. ಒಲಿವಿಯಾ ಜೆಂಟೈಲ್ ಬರೆದ ಜೀವನಚರಿತ್ರೆಯಲ್ಲಿ ಮನೆಯವರ ಕಡೆಯ ಮಾತೂ ಇದೆ. ತಾಯಿಯ ಅಂತ್ಯಕ್ರಿಯೆಗೂ ಮಗಳ ಮದುವೆಗೂ ಅವರು ಇರಲಿಲ್ಲ. ಹಕ್ಕಿ ಹಿಂದೆ ಹೋಗಿದ್ದರು. ತಪ್ಪು ಅನ್ನಲೇ? ಸಾವು ಬಾಗಿಲಲ್ಲಿ ಕೂತಿದ್ದಾಗ ನಾನು ಏನು ಮಾಡುತ್ತಿದ್ದೆನೋ. ಮಗಳ ಜಾಗದಲ್ಲಿ ನಿಂತರೆ ಮಾತ್ರ ಗಂಟಲು ಕಟ್ಟುತ್ತದೆ. ಈ ಎರಡೂ ಪುಸ್ತಕ ಜೊತೆಗೇ ಓದಬೇಕು.

ಲೆನ್ ಹೋವರ್ಡ್ ಎಲ್ಲಿಗೂ ಹೋಗಲಿಲ್ಲ. ಸಂಗೀತಗಾರ್ತಿ. ಲಂಡನ್ ಬಿಟ್ಟು ಸಸೆಕ್ಸ್‌ನ ಹಳ್ಳಿಮನೆ ಸೇರಿ ಕಿಟಕಿಗಳನ್ನು ತೆರೆದಿಟ್ಟರು. ಗ್ರೇಟ್ ಟಿಟ್ ಎಂಬ ಪುಟ್ಟ ಹಕ್ಕಿಗಳು ಒಳಗೆ ಬಂದು ಮಲಗಿದವು, ಕಾಗದ ಹರಿದವು. ಒಂದೊಂದಕ್ಕೂ ಹೆಸರು, ಒಂದೊಂದರ ಸ್ವಭಾವವೂ ಬೇರೆ. ಸ್ಟಾರ್ ಎಂಬ ಹಕ್ಕಿ ಇವರು ಎಷ್ಟು ಸಲ ತಟ್ಟಿದರೆ ತಾನೂ ಕೊಕ್ಕಿನಿಂದ ಅಷ್ಟೇ ಸಲ ಕುಟ್ಟುತ್ತಿತ್ತು. 'ಬರ್ಡ್ಸ್ ಆಸ್ ಇಂಡಿವಿಜುವಲ್ಸ್' 1952ರದು. ಪಂಜರದಲ್ಲಿ ಹೆದರಿದ ಹಕ್ಕಿ ತನ್ನ ಬುದ್ಧಿ ತೋರಿಸುವುದಿಲ್ಲ, ಅದರ ಭಯ ಹೋಗಿಸಿದರೆ ಮಾತ್ರ ಗೊತ್ತಾಗುತ್ತದೆ ಎನ್ನುವುದು ಅವರ ವಾದ. ಇದು ಅತಿಯಾಯಿತು ಎಂದವರಿದ್ದಾರೆ. ನಾನು ಅರ್ಧ ಮಾತ್ರ ಓದಿದ್ದೇನೆ. ಪೂರ್ತಿ ಓದಿ ಬರೆಯುತ್ತೇನೆ.

ಸಂಜೆ ಅಕ್ಕನಿಗೆ ನಾನೇ ಫೋನ್ ಮಾಡಿದೆ. ಇಲ್ಲಿ ಬರೆದದ್ದರಲ್ಲಿ ಕಾಲುಭಾಗ ಹೇಳಿರಬಹುದು. ಅವಳು ನಡುವೆ ಬಾಯಿ ಹಾಕಲಿಲ್ಲ. ಕೊನೆಗೆ, "ಸರಿ, ಮೊದಲು ಯಾವುದು ಕೊಡ್ತೀಯ?" ಎಂದು ಕೇಳಿದಳು. ಬೇಕರ್ ಎಂದು ಬಾಯಿಗೆ ಬಂದಿತ್ತು. ಅಪ್ಪ ಹೋದ ಮೇಲೆ ಅವಳು ಎಷ್ಟೋ ತಿಂಗಳು ಯಾರ ಹತ್ತಿರವೂ ಸರಿಯಾಗಿ ಮಾತಾಡಿರಲಿಲ್ಲ. ಅದು ನೆನಪಾಗಿ, "ಮೇಬಲ್‌ದು" ಎಂದೆ. ಕಾಗದದ ಉಂಡೆಯ ಪುಟದಲ್ಲಿ ಒಂದು ಚೀಟಿ ಇಟ್ಟಿದ್ದೇನೆ.