ಸಂಗೀತದ ಸಾಕ್ಷ್ಯಚಿತ್ರದಲ್ಲಿ ಷಡ್ಜ ತಪ್ಪುವುದು ಎಲ್ಲೆಲ್ಲಿ

ಹಿಂದೂಸ್ತಾನಿ ಸಂಗೀತವನ್ನೂ ನೆನಪನ್ನೂ ಹೆಣೆದು ಪ್ರಯೋಗದ ಸಾಕ್ಷ್ಯಚಿತ್ರ ಮಾಡುವವರಿಗೆ ಪುಣೆಯಲ್ಲಿ ಸಾಮಗ್ರಿಗೆ ಬರವಿಲ್ಲ. ಕುಂದಗೋಳದ ಗಾಯಕ ಸವಾಯಿ ಗಂಧರ್ವರ ಹೆಸರಿನ ಸಂಗೀತೋತ್ಸವ 1953ರಲ್ಲಿ ಶುರುವಾದದ್ದು ಇಲ್ಲಿ. ಅವರ ಶಿಷ್ಯ, ಗದುಗಿನ ಭೀಮಸೇನ ಜೋಶಿಯವರು ನೆಲೆಸಿದ್ದೂ ಇಲ್ಲೇ. ಜೋಶಿಯವರನ್ನು ಎದುರು ಕೂತು ಕೇಳಿದ ಧಾರವಾಡದ ಕಡೆಯ ಹಿರಿಯರು ಈ ಊರಲ್ಲಿದ್ದಾರೆ. ಕಷ್ಟ ಶುರುವಾಗುವುದು ಎಡಿಟಿಂಗಿನಲ್ಲಿ. ಹಳೇ ರೀಲು, ಗ್ರಾಮಫೋನ್ ತಟ್ಟೆ, ಕ್ಯಾಸೆಟ್, ನಿನ್ನೆಯ ರೆಕಾರ್ಡಿಂಗ್, ಒಂದೊಂದರ ಷಡ್ಜ, ಅಂದರೆ ಹಾಡಿಗೆ ಆಧಾರವಾದ 'ಸ' ಸ್ವರ, ಒಂದೊಂದು ಕಡೆ. ಅದಕ್ಕೇ ಮೊದಲ ಶಾಟ್ ಜೋಡಿಸುವ ಮುಂಚೆ ಪ್ರತಿ ಕ್ಲಿಪ್ಪಿನ ಷಡ್ಜ ಎಷ್ಟು ಹರ್ಟ್ಸ್ ಎಂದು ಅಳೆದು ಬರೆದಿಡಬೇಕು.

ಅತಿ ದೊಡ್ಡ ಪೆಟ್ಟು ಕೊಡುವುದು ಫ್ರೇಮ್ ರೇಟ್. ಸೆಕೆಂಡಿಗೆ 24 ಫ್ರೇಮಿನ ರೀಲನ್ನು 25ರಲ್ಲಿ ಓಡಿಸಿದರೆ ಒಂದು ನಿಮಿಷದ ಹಾಡು 57.6 ಸೆಕೆಂಡಿಗೇ ಮುಗಿಯುತ್ತದೆ. ಕಣ್ಣಿಗೆ ತಿಳಿಯುವುದಿಲ್ಲ, ಶ್ರುತಿ ಮಾತ್ರ ಸುಮಾರು 71 ಸೆಂಟ್ ಏರಿರುತ್ತದೆ. ಅರ್ಧಸ್ವರಕ್ಕೆ 100 ಸೆಂಟ್. ಹಾರ್ಮೋನಿಯಂ ಮನೆಗಳ ಲೆಕ್ಕದಲ್ಲಿ ಕಪ್ಪು ಒಂದರಲ್ಲಿ ಹಾಡಿದವರು ಬಿಳಿ ಎರಡರ ಸಮೀಪ ಬಂದುಬಿಡುತ್ತಾರೆ. ಸಾಫ್ಟ್‌ವೇರಿನಲ್ಲಿ ಶ್ರುತಿ ಇಳಿಸಿದರೆ ತಂಬೂರಿಯ ಝೇಂಕಾರ ಕಲಸಿಹೋಗುತ್ತದೆ. ಹಳೇ ರೀಲು ಜಾಸ್ತಿಯಿದ್ದರೆ ಹೊಸ ಚಿತ್ರೀಕರಣವನ್ನೂ 24ರಲ್ಲೇ ಮಾಡುವುದು ಲೇಸು. ಆಗ ಶಟರ್ ಸೆಕೆಂಡಿನ 50ನೇ ಒಂದು ಭಾಗಕ್ಕೆ, ಅಂದರೆ 172.8 ಡಿಗ್ರಿಗೆ ಇರಲಿ. ನಮ್ಮ ಕರೆಂಟು 50 ಹರ್ಟ್ಸ್ ಆದ್ದರಿಂದ 180 ಡಿಗ್ರಿಯಲ್ಲಿ, ಅಂದರೆ ಸೆಕೆಂಡಿನ 48ನೇ ಒಂದು ಭಾಗದಲ್ಲಿ, ಟ್ಯೂಬ್‌ಲೈಟ್ ಮಿನುಗುತ್ತದೆ.

78 ಎಂದು ಕರೆಸಿಕೊಳ್ಳುವ ಗ್ರಾಮಫೋನ್ ತಟ್ಟೆಗಳೆಲ್ಲ ನಿಮಿಷಕ್ಕೆ 78 ಸುತ್ತಿನ ವೇಗದಲ್ಲೇ ಮುದ್ರಣವಾದವಲ್ಲ. 80ರಲ್ಲಿ ಮುದ್ರಿಸಿದ್ದನ್ನು 78ರಲ್ಲಿ ತಿರುಗಿಸಿದರೆ 44 ಸೆಂಟ್ ಕೆಳಗಿಳಿಯುತ್ತದೆ. ಸೂಜಿ 3 ಮಿಲ್‌ನದೇ (ಇಂಚಿನ ಸಾವಿರದ ಮೂರು ಭಾಗ) ಬೇಕು. ಆಮೇಲಿನ ಎಲ್‌ಪಿ ತಟ್ಟೆಯ ಸಣ್ಣ ಸೂಜಿ ಗೀರಿನ ತಳಕ್ಕೆ ಕೂತು ಧೂಳನ್ನೇ ಓದುತ್ತದೆ. ಕ್ಯಾಸೆಟ್ಟಿನ ವೇಗಕ್ಕೆ ಒಳ್ಳೆಯ ಸಾಕ್ಷಿ ಕರೆಂಟಿನ ಗುಂಯ್‌ಗುಟ್ಟುವಿಕೆ. ಸ್ಪೆಕ್ಟ್ರಮ್‌ನಲ್ಲಿ ಅದು 51 ಹರ್ಟ್ಸ್ ತೋರಿಸಿದರೆ ಟೇಪು ಸುಮಾರು ಶೇಕಡಾ 2ರಷ್ಟು ಬೇಗ ಓಡುತ್ತಿದೆ. ಟೇಪು ನಿಲ್ಲಿಸಿದರೂ ಆ ಸದ್ದು ನಿಲ್ಲದಿದ್ದರೆ ಅದು ನಿಮ್ಮ ಡೆಕ್ಕಿನದೇ, ಲೆಕ್ಕಕ್ಕೆ ಬಾರದು.

ವಿಲಂಬಿತ, ಅಂದರೆ ನಿಧಾನ ಲಯದ, ಏಕತಾಲದಲ್ಲಿ 12 ಮಾತ್ರೆ (ತಾಳದ ಎಣಿಕೆ). ಮಾತ್ರೆಗೆ 4 ಸೆಕೆಂಡ್ ಹಿಡಿದರೆ ತಾಳದ ಒಂದು ಸುತ್ತಿಗೆ, ಅಂದರೆ ಆವರ್ತನಕ್ಕೆ, 48 ಸೆಕೆಂಡ್. ಖಯಾಲ್ ಗಾಯನವನ್ನು ಮೊಟಕು ಮಾಡಲೇಬೇಕಾದರೆ ಇಡೀ ಆವರ್ತನವನ್ನೇ ತೆಗೆಯಿರಿ, ಗಾಯಕರು ಉಸಿರೆಳೆಯುವ ಮಾತ್ರೆಯಲ್ಲಿ ಬೆಸೆಯಿರಿ. ದೃಶ್ಯವನ್ನು ಮಾತ್ರ ಸಮ್‌ ಮೇಲೆ, ಅಂದರೆ ಆವರ್ತನದ ಮೊದಲ ಮಾತ್ರೆಯಲ್ಲಿ, ಕತ್ತರಿಸಬೇಡಿ. ಸಮ್‌ಗೆ ಬರುವಾಗ ಮುಖದ ಮೇಲೆ ಆಗುವುದನ್ನು ನೋಡುಗರಿಗೆ ಬಿಟ್ಟುಕೊಡಬೇಕು.

ಹಿರಿಯರ ಮನೆಗೆ ಹೋದಾಗ "ಹ್ಯಾಂಗ ಹಾಡತಿದ್ರು?" ಎಂದು ಕೇಳಿದರೆ ಹೊಗಳಿಕೆ ಸಿಗುತ್ತದೆ. "ಅಜ್ಜಾರ, ಆ ಸಾಲು ಒಮ್ಮೆ ಅಂದು ತೋರಸ್ರಿ" ಎಂದರೆ ನೆನಪು ಸಿಗುತ್ತದೆ. ಮೊದಲು ಬೆರಳು ತೊಡೆಯ ಮೇಲೆ ಮಾತ್ರೆ ಎಣಿಸತೊಡಗುತ್ತದೆ, ಆಮೇಲೆ ದನಿ. ಗುನುಗಿದ ಮೇಲೂ ಕ್ಯಾಮೆರಾ ಅರ್ಧ ನಿಮಿಷ ಓಡಲಿ. ಅವರ ಷಡ್ಜ ಕಛೇರಿಯ ಷಡ್ಜಕ್ಕೆ ಕೂಡುವುದಿಲ್ಲ, ತಿದ್ದಲೂಬಾರದು, ಅಡಿಯಲ್ಲಿ ತಂಬೂರಿ ಹಾಕಲೂಬಾರದು. ಎರಡರ ನಡುವೆ ಆ ಕೋಣೆಯದೇ ಖಾಲಿ ಸದ್ದನ್ನು 8-10 ಸೆಕೆಂಡ್ ಇಟ್ಟರೆ ಕಿವಿ ಹಳೇ ಷಡ್ಜವನ್ನು ಕೈಬಿಡುತ್ತದೆ. ಅದಕ್ಕೆಂದೇ ಪ್ರತಿ ಕೋಣೆಯಲ್ಲೂ ಎರಡು ನಿಮಿಷ ಯಾರೂ ಮಾತಾಡದೆ ರೆಕಾರ್ಡ್ ಮಾಡಿಕೊಳ್ಳಿ. ಫ್ಯಾನು, ಫ್ರಿಜ್ಜು ಆರಿಸಿ, ಗಾಡಿಯ ಕೀಲಿಯನ್ನು ಫ್ರಿಜ್ಜಿನೊಳಗೇ ಇಡಿ. ಹೊರಡುವಾಗ ಕೀಲಿ ಹುಡುಕಿದಾಗ ಫ್ರಿಜ್ಜು ಹಾಕುವುದು ನೆನಪಾಗುತ್ತದೆ, ಅಜ್ಜಿಯ ಹಾಲು ಒಡೆಯುವುದಿಲ್ಲ.