ಎರಡು ಗೆರೆ, ಒಂದೇ ಚಿಟ್ಟೆ

ಆ ಗ್ರಾಫ್ ಪರದೆ ಮೇಲೆ ಬಂದಾಗ ನನಗೆ ಹೆಮ್ಮೆಯೇ ಆಗಿತ್ತು. ಶಿರಸಿ ಕಡೆಯ ನಮ್ಮ ನಾಲ್ಕು ಟ್ರಾನ್ಸೆಕ್ಟ್‌ಗಳ, ಅಂದರೆ ಚಿಟ್ಟೆ ಎಣಿಸುತ್ತ ನಡೆಯುವ ಗೊತ್ತಾದ ದಾರಿಗಳ, ಆರು ತಿಂಗಳ ಲೆಕ್ಕ ಅದು. ಕಾಮನ್ ಈವ್ನಿಂಗ್ ಬ್ರೌನ್ ಅನ್ನುವ ಚಿಟ್ಟೆಯ ಗೆರೆ ಅಕ್ಟೋಬರ್ ಕೊನೆಗೆ ನೆಲ ಕಚ್ಚಿತ್ತು. ಅದೇ ವಾರ ಅದರ ಹತ್ತಿರದ ಜಾತಿ ಡಾರ್ಕ್ ಈವ್ನಿಂಗ್ ಬ್ರೌನ್ ಗೆರೆ ಏರಲು ಶುರುವಾಗಿತ್ತು. ಒಂದು ಹೋದ ಜಾಗಕ್ಕೆ ಇನ್ನೊಂದು ಬರುತ್ತದೆ ಅಂತ ನಾನು ವಿವರಿಸಿದೆ.

ಮೇಡಂ ಎದ್ದು ಬಂದು ಎರಡು ಗೆರೆ ದಾಟುವ ಜಾಗಕ್ಕೆ ಬೆರಳಿಟ್ಟರು.

"ಅಂಡರ್‌ಸೈಡ್ ನೋಡಿ ಜಾತಿ ಬರೆದದ್ದಾ?"

"ಹೌದು ಮೇಡಂ."

"ಅಪ್ಪರ್‌ಸೈಡ್ ಫೋಟೋ ತೆಗಿ ನೋಡೋಣ."

ಡಾರ್ಕ್ ಅಂತ ಬರೆದವುಗಳ ಫೋಲ್ಡರ್ ತೆರೆದೆ. ತರಗೆಲೆ ಮೇಲೆ ರೆಕ್ಕೆ ಮುಚ್ಚಿ ಕೂತ ಚಿಟ್ಟೆ. ಮುಂದಿನದೂ ಹಾಗೇ. ಅದರ ಮುಂದಿನದೂ. ಒಟ್ಟು 43 ಫೋಟೋ. ಹತ್ತನೆಯದಕ್ಕೇ ನನಗೆ ಅರ್ಥವಾಗಿತ್ತು, ಆದರೂ ಕೊನೆತನಕ ಒತ್ತುತ್ತಲೇ ಹೋದೆ. ಒಂದರಲ್ಲೂ ರೆಕ್ಕೆ ಬಿಚ್ಚಿರಲಿಲ್ಲ, ಜಾತಿ ಖಚಿತ ಮಾಡುವ ರೆಕ್ಕೆಯ ಮೇಲ್ಭಾಗ ಒಂದರಲ್ಲೂ ಕಾಣುತ್ತಿರಲಿಲ್ಲ. ಯಾರೂ ಮಾತಾಡಲಿಲ್ಲ.

ಮಳೆಗಾಲದಲ್ಲಿ ಕಾಮನ್ ಈವ್ನಿಂಗ್ ಬ್ರೌನ್ ರೆಕ್ಕೆಯ ಅಡಿಭಾಗದಲ್ಲಿ ಕಣ್ಣಿನಂಥ ಚುಕ್ಕೆಗಳ ಸಾಲೇ ಇರುತ್ತದೆ. ಮಳೆ ಮುಗಿದ ಮೇಲೆ ಹುಟ್ಟುವ ತಲೆಮಾರಿನಲ್ಲಿ ಆ ಕಣ್ಣು ಹೆಚ್ಚುಕಡಿಮೆ ಮಾಯ. ರೆಕ್ಕೆಯ ತುದಿ ಕೊಕ್ಕೆಯಂತೆ ಬಾಗಿ, ಥೇಟ್ ಒಣಗಿದ ಎಲೆ. ಒಂದರ ಬಣ್ಣ ಇನ್ನೊಂದಕ್ಕಿರುವುದಿಲ್ಲ. ಯಾವ ರೂಪ ಅನ್ನುವುದು ಹುಳು ಬೆಳೆಯುವಾಗಿನ ಹವೆ ನೋಡಿ ತೀರ್ಮಾನವಾಗುತ್ತದೆ. 1880ರ ದಶಕದಲ್ಲೇ ಕಲ್ಕತ್ತಾದಲ್ಲಿ ಚಿಟ್ಟೆ ತಜ್ಞ ಲಯೊನೆಲ್ ಡಿ ನಿಸ್ವಿಲ್ ಹುಳು ಸಾಕಿ ಇಂಥ ಎರಡು ರೂಪಗಳೂ ಒಂದೇ ಜಾತಿ ಅಂತ ತೋರಿಸಿದ್ದರು. ಡಬ್ಲ್ಯುಎಸ್ಎಫ್ (ಮಳೆಗಾಲದ ರೂಪ), ಡಿಎಸ್ಎಫ್ (ಒಣಗಾಲದ ರೂಪ) ಅಂತ ನಾನೂ ದಿನಾ ಹೇಳುತ್ತಿದ್ದೆ. ಹೀಗೇ ರೂಪ ಬದಲಿಸುವ ಬುಷ್‌ಬ್ರೌನ್ ಚಿಟ್ಟೆಗಳ ವಿಷಯದಲ್ಲಿ ತುಂಬ ಹುಷಾರಾಗಿಯೂ ಇದ್ದೆ. ಇಲ್ಲಿ ಮಾತ್ರ ಕಪ್ಪಗೆ ಕಂಡದ್ದನ್ನೆಲ್ಲ ಡಾರ್ಕ್ ಅಂದುಬಿಟ್ಟೆ.

ಜಾಸ್ತಿ ಚುಚ್ಚುವುದು ಇನ್ನೊಂದು. ನವೆಂಬರ್‌ನಲ್ಲೇ ನಮ್ಮ ಫೀಲ್ಡ್ ಅಸಿಸ್ಟೆಂಟ್ ಅಣ್ಣ ಕೇಳಿದ್ದರು: "ಎರಡೂ ಒಂದೇ ಅಲ್ವಾ? ನಮ್ಮನೆ ದೀಪಕ್ಕೆ ವರ್ಷವಿಡೀ ಬರ್ತಾವೆ." ಇಲ್ಲ ಅಣ್ಣ, ಬೇರೆ ಬೇರೆ ಅಂತ ನಾನೇ ಅವರಿಗೆ ಪಾಠ ಹೇಳಿದ್ದೆ.

ಲೆಕ್ಕ ತುಂಬುವ ನಮ್ಮ ಆ್ಯಪ್ ಬಗ್ಗೆಯೂ ಹೇಳಲೇಬೇಕು. ಜಾತಿ ಆರಿಸದೆ ಎಂಟ್ರಿ ಸಬ್ಮಿಟ್ ಆಗುವುದಿಲ್ಲ. ಈ ಎರಡೂ ಜಾತಿ ಸೇರುವ ಕುಲದ ಹೆಸರು ಮೆಲಾನಿಟಿಸ್ ಅಂತ ಅಷ್ಟಕ್ಕೇ ನಿಲ್ಲಿಸಲು ಜಾಗವೇ ಇಲ್ಲ. ಪಟ್ಟಿಯಂತೂ ಓಬೀರಾಯನ ಕಾಲದ್ದು. ಬ್ರೌನ್‌ಗಳೆಲ್ಲ ನಿಂಫಾಲಿಡೇ ಕುಟುಂಬದ ಒಳಗೆ ಸಟೈರಿನೇ ಉಪಕುಟುಂಬವಾಗಿ ಎಷ್ಟೋ ವರ್ಷವಾಯ್ತು, ಇದರಲ್ಲಿ ಇನ್ನೂ ಸಟೈರಿಡೇ ಅಂತ ಬೇರೆ ಕುಟುಂಬ. ಎರಡು ಸಲ ಮೇಲ್ ಹಾಕಿದ್ದೇವೆ. ಆದರೆ ಡ್ರಾಪ್‌ಡೌನ್‌ನಲ್ಲಿ ಡಾರ್ಕ್ ಅಂತ ಒತ್ತಿದ್ದು ನನ್ನ ಬೆರಳೇ.

ಮುಂದಿನ ವಾರ ಅಣ್ಣ ಗದ್ದೆ ಬದುವಿನ ಹುಲ್ಲಿನಿಂದ ಎರಡು ಹುಳು ತಂದರು. ಹಸಿರು ಮೈ, ತಲೆ ಮೇಲೆ ಎರಡು ಕೊಂಬು, ಬಾಲ ಸೀಳು. ಬಾಟಲಿಯಲ್ಲಿಟ್ಟು ಹುಲ್ಲು ಹಾಕಿದೆವು. ಪೊರೆ ಒಡೆದು ಬಂದವುಗಳಲ್ಲಿ ಒಂದು ಬೂದಿ ಬಣ್ಣ, ಇನ್ನೊಂದು ಕಾಫಿಪುಡಿಯಷ್ಟು ಕಪ್ಪು. ಎರಡನೆಯದನ್ನು ನಾನು ಕಾಡಲ್ಲಿ ಕಂಡಿದ್ದರೆ ಕಣ್ಣುಮುಚ್ಚಿ ಡಾರ್ಕ್ ಅಂತಿದ್ದೆ. ಮೇಡಂ ಮೆಲ್ಲಗೆ ಹಿಡಿದು ರೆಕ್ಕೆ ಬಿಚ್ಚಿ ತೋರಿಸಿದರು. ಎರಡೂ ಕಾಮನ್.

ಹಾಗಂತ ಆ 43ನ್ನೂ ಕಾಮನ್‌ಗೆ ಸೇರಿಸಲಿಲ್ಲ. ನಿಜವಾದ ಡಾರ್ಕ್ ಕೂಡ ನಮ್ಮ ಕಾಡಲ್ಲಿದೆ, ಮುಚ್ಚಿದ ರೆಕ್ಕೆಯ ಫೋಟೋದಲ್ಲಿ ಅದು ಯಾವುದು ಅಂತ ಹೇಳಲು ನನ್ನಿಂದಾಗದು. ಎಕ್ಸೆಲ್‌ನಲ್ಲಿ ಒಂದೊಂದೇ ಸಾಲು ತಿದ್ದಿ 'ಮೆಲಾನಿಟಿಸ್, ಜಾತಿ ಗೊತ್ತಿಲ್ಲ' ಅಂತ ಬರೆದೆ. ಸಂಜೆ ಅಣ್ಣನೂ ನಾನೂ ಬಾಟಲಿ ಒಯ್ದು ಅದೇ ಬದುವಿನಲ್ಲಿ ಮುಚ್ಚಳ ತೆಗೆದೆವು. ಕಪ್ಪನೆಯದು ನಾಲ್ಕು ಮಾರು ಹಾರಿ ತರಗೆಲೆಯಲ್ಲಿ ಕೂತಿತು. ಕೂತ ಜಾಗ ನೋಡುತ್ತಲೇ ಇದ್ದರೂ ಆಮೇಲೆ ನನಗೆ ಕಾಣಲಿಲ್ಲ.